ರೊಟ್ಟಿಯೊಳಗಿನ ಕೂಸು

ಚಾಕು ಕಸಿಲ್ದಾಳ ಕೈಗೆ ಬಂದಾಗ ಮೇಜಿನ ಸುತ್ತ ನಿಂತಿದ್ದವರೆಲ್ಲ ಮಾತು ನಿಲ್ಲಿಸಿದರು. ಬಳೆಯಾಕಾರದ ಆ ದೊಡ್ಡ ಸಿಹಿ ರೊಟ್ಟಿಯಲ್ಲಿ ಅರ್ಧಕ್ಕಿಂತ ಹೆಚ್ಚು ಆಗಲೇ ಖಾಲಿಯಾಗಿತ್ತು. ಆದರೆ ಹಿಟ್ಟಿನೊಳಗೆ ಹುದುಗಿಸಿಟ್ಟು ಬೇಯಿಸಿದ್ದ ಪಿಂಗಾಣಿಯ ಪುಟ್ಟ ಕೂಸು ಇನ್ನೂ ಯಾರಿಗೂ ಸಿಕ್ಕಿರಲಿಲ್ಲ. ಅಂದು ಬಾಲಯೇಸುವನ್ನು ಕಾಣಲು ಬಂದ ಮೂವರು ರಾಜರ ಹಬ್ಬ, ಜನವರಿ ಆರು, ಸಂಜೆ. ವಠಾರದ ಅಂಗಳದಲ್ಲಿ ನೀರಿನ ತೊಟ್ಟಿಯ ಪಕ್ಕ ಮೇಜು ಹಾಕಿ, ಬಟ್ಟೆ ಒಣಹಾಕುವ ಹಗ್ಗಗಳನ್ನೆಲ್ಲ ಒಂದು ಮೂಲೆಗೆ ಎಳೆದು ಕಟ್ಟಿ, ಹನ್ನೊಂದು ಮನೆಯವರೂ ಸೇರಿದ್ದರು.

"ಕುಯ್ಯಿ ಮಗಳೇ, ಕುಯ್ಯಿ. ಅದೇನು ನಿನ್ನ ಕಚ್ಚುತ್ತಾ?" ಎಂದಳು ದೋನ್ಯಾ ಮಿಕಾಯೆಲಾ. ವಠಾರದ ಬಾಗಿಲು ಕಾಯುವವಳು ಅವಳೇ, ಬಾಡಿಗೆ ವಸೂಲಿ ಮಾಡುವವಳು ಅವಳೇ, ಜಗಳ ಹಚ್ಚಿ ಆಮೇಲೆ ಬಿಡಿಸುವವಳೂ ಅವಳೇ.

"ಕಚ್ಚೋದು ಅವಳನ್ನಲ್ಲ, ಅವಳ ಗಂಟನ್ನ," ಎಂದ ದೋನ್ ಅಬುಂದಿಯೊ. ಮೂವತ್ತು ವರ್ಷ ಟ್ರಾಮಿನಲ್ಲಿ ಟಿಕೆಟ್ ಹರಿದು ನಿವೃತ್ತನಾದ ಮುದುಕ. ಕಳ್ಳರನ್ನು ವಾಸನೆಯಿಂದಲೇ ಹಿಡಿಯುತ್ತಿದ್ದೆ ಎಂದು ದಿನಕ್ಕೊಮ್ಮೆಯಾದರೂ ಹೇಳದಿದ್ದರೆ ಅವನಿಗೆ ಉಂಡ ಅನ್ನ ಅರಗುತ್ತಿರಲಿಲ್ಲ. "ಕೂಸು ಸಿಕ್ದೋರು ಫೆಬ್ರವರಿ ಎರಡಕ್ಕೆ ಇಡೀ ವಠಾರಕ್ಕೆ ತಮಾಲೆ ಕಡುಬಿನ ಊಟ ಹಾಕ್ಬೇಕು, ಹುಡುಗಾಟ ಅಲ್ಲ. ಹೋದ್ವರ್ಷ ಆ ಚಪ್ಪಲಿ ಹೊಲಿಯೋನು ಏನ್ಮಾಡ್ದ? ಗುಳುಂ ಅಂತ ನುಂಗೇಬಿಟ್ಟ! ಮೂರು ದಿನ ಹೊಟ್ಟೆ ಹಿಡ್ಕೊಂಡು ಒದ್ದಾಡ್ದ, ಪಾಪಿ."

ಎಲ್ಲರೂ ಘೊಳ್ಳೆಂದು ನಕ್ಕರು. ಚಪ್ಪಲಿ ಹೊಲಿಯುವವನೂ ನಕ್ಕ, ಬೇರೆ ದಾರಿಯಿರಲಿಲ್ಲ. ಕಸಿಲ್ದಾ ನಗುತ್ತಲೇ ಚಾಕು ಊರಿ ತನ್ನ ಪಾಲನ್ನು ಕುಯ್ದುಕೊಂಡಳು.

ಅವಳ ಎಡಗಡೆಗೆ ಫಿದೆನ್ಸಿಯೊ ನಿಂತಿದ್ದ. ಅವನ ಕಣ್ಣು ಯಾವಾಗಲೂ ಜನರ ಕೈಗಳ ಮೇಲೆ. ಅದು ಅವನ ಕಸುಬು ಕಲಿಸಿದ ಚಾಳಿ. ತುಂಡಿನ ಒಳಮೈಯಲ್ಲಿ ಕೂಸಿನ ಬಿಳಿಯ ತಲೆ ಇಣುಕಿದ್ದನ್ನು ಅವನು ಕಂಡ. ಕಸಿಲ್ದಾಳೂ ಕಂಡಳೆಂದು ಅವನಿಗೆ ಗೊತ್ತಾಯಿತು. ಯಾಕೆಂದರೆ ಅವಳ ಹೆಬ್ಬೆರಳು ಥಟ್ಟನೆ ಅದರ ಮೇಲೆ ಕೂತಿತು, ನಗು ತುಟಿಯ ಮೇಲೆ ಹಾಗೇ ಉಳಿದು, ಮುಖದಲ್ಲಿ ಮಾತ್ರ ರಕ್ತ ಇಲ್ಲದಂತಾಯಿತು.

ಅಯ್ಯೋ, ಇವಳಿಗೇ ಯಾಕೆ ಸಿಗಬೇಕಿತ್ತು! ನವೆಂಬರಿನಲ್ಲಿ ತಾಯಿಯನ್ನು ಮಣ್ಣು ಮಾಡಿದ್ದಳು. ಡಿಸೆಂಬರಿನಲ್ಲಿ ಹೋಟೆಲಿನವರು ಅವಳಿಗೆ ಕೊಡುತ್ತಿದ್ದ ಇಸ್ತ್ರಿಯ ಬಟ್ಟೆಯನ್ನು ಬೇರೆಯವರಿಗೆ ಕೊಟ್ಟುಬಿಟ್ಟಿದ್ದರು. ಹಬ್ಬದ ದಿನಗಳಲ್ಲೂ ಅವಳ ಒಲೆಯಿಂದ ಬರುತ್ತಿದ್ದದ್ದು ಬರೀ ರೊಟ್ಟಿ ಕಾಯಿಸಿದ ವಾಸನೆ. ಹಾಗಂತ ಯಾರಾದರೂ ಒಂದು ಬಟ್ಟಲು ಬೇಯಿಸಿದ ಕಾಳು ತಂದುಕೊಟ್ಟರೆ, ಮರುದಿನ ಅದೇ ಬಟ್ಟಲು ತುಂಬಿಯೇ ಹಿಂದಿರುಗುತ್ತಿತ್ತು. ಇಸ್ತ್ರಿಪೆಟ್ಟಿಗೆಗಳನ್ನೇ ಒತ್ತೆಯಿಟ್ಟು ಊರಿಗೆ ಊಟ ಹಾಕುವ ಜಾಯಮಾನ ಅವಳದು. ಆಮೇಲೆ ತಾನು ಏನು ಮಾಡಿ ಬದುಕುತ್ತೇನೆಂದು ಯೋಚಿಸುವವಳಲ್ಲ.

ಫಿದೆನ್ಸಿಯೊ ಹೆಚ್ಚು ಯೋಚಿಸಲಿಲ್ಲ. ಯೋಚಿಸಿದ್ದರೆ ಅವನ ಕೈ ಏಳುತ್ತಿರಲಿಲ್ಲ. ಬಲಗೈಯಲ್ಲಿ ಬಿಸಿ ಚಾಕೊಲೇಟಿನ ಬಟ್ಟಲನ್ನು ಎತ್ತಿ, "ತಗೊಳ್ಳಿ, ಆರಿಹೋಗುತ್ತೆ," ಎಂದು ಅವಳ ಮುಂದೆ ಹಿಡಿದ. ಅವಳು ಬಟ್ಟಲಿನ ಕಡೆ ನೋಡಿದ ಆ ಒಂದು ರೆಪ್ಪೆಯ ಹೊತ್ತಿನಲ್ಲಿ ಅವನ ಎಡಗೈಯ ಎರಡು ಬೆರಳು ಹೋಗಿ ಬಂದವು. ಮುಂದಿನ ಕ್ಷಣ ತನ್ನ ಪಾಲಿನ ರೊಟ್ಟಿಯನ್ನು ದೊಡ್ಡದಾಗಿ ಕಚ್ಚಿ, ಕೆನ್ನೆ ಹಿಡಿದುಕೊಂಡು, "ಅಯ್ಯಯ್ಯೋ, ನನ್ನ ಹಲ್ಲು!" ಎಂದು ಕೂಗಿದ. ಬಾಯಿಂದ ಕೂಸನ್ನು ತೆಗೆದು ಎಲ್ಲರಿಗೂ ತೋರಿಸಿದ.

"ಪಿಯಾನೊ ಮೇಷ್ಟ್ರಿಗೆ ಬಂತು! ಪಿಯಾನೊ ಮೇಷ್ಟ್ರೇ ಈ ವರ್ಷ ಬಾಲಯೇಸುವಿನ ಧರ್ಮತಂದೆ!" ಎಂದು ದೋನ್ಯಾ ಮಿಕಾಯೆಲಾ ಚಪ್ಪಾಳೆ ತಟ್ಟಿದಳು. ಅಂಗಳವೆಲ್ಲ ಚಪ್ಪಾಳೆ ತಟ್ಟಿತು. ದೋನ್ ಅಬುಂದಿಯೊ ಬಂದು ಅವನ ಬೆನ್ನು ಗುದ್ದಿ, "ಹಂದಿಮಾಂಸದ್ದೇ ಆಗ್ಬೇಕು ಮೇಷ್ಟ್ರೇ, ಜಿಪುಣತನ ಮಾಡಂಗಿಲ್ಲ," ಎಂದ.

ಕಸಿಲ್ದಾ ಒಬ್ಬಳೇ ಚಪ್ಪಾಳೆ ತಟ್ಟಲಿಲ್ಲ. ಅವಳು ತನ್ನ ಕೈಯಲ್ಲಿದ್ದ ರೊಟ್ಟಿಯ ತೂತನ್ನು ನೋಡಿದಳು. ಆಮೇಲೆ ಫಿದೆನ್ಸಿಯೊನ ಎಡಗೈಯನ್ನು ನೋಡಿದಳು. ಬಹಳ ಹೊತ್ತು ನೋಡಿದಳು.

ಹದಿನೆಂಟು ವರ್ಷಗಳಿಂದ ಫಿದೆನ್ಸಿಯೊ ಓಲ್ಮೆದೊ ಈ ಮೆಕ್ಸಿಕೊ ನಗರದ ಹಳದಿ ಟ್ರಾಮುಗಳಲ್ಲಿ ಜೇಬುಗಳ್ಳ. ಅದರಲ್ಲಿ ಒಂಬತ್ತು ವರ್ಷ ಈ ವಠಾರದಲ್ಲಿ ಪಿಯಾನೊ ಶ್ರುತಿ ಮಾಡುವವ. ಬೆಳಿಗ್ಗೆ ಚರ್ಮದ ಚೀಲ ಹಿಡಿದು ಹೊರಡುತ್ತಿದ್ದ. ಚೀಲದಲ್ಲಿ ಒಂದು ಇಕ್ಕಳ ಮತ್ತು ಮಧ್ಯಾಹ್ನದ ರೊಟ್ಟಿ. ಹನ್ನೊಂದು ಮನೆಗಳಲ್ಲಿ ಒಬ್ಬರ ಹತ್ತಿರವೂ ಪಿಯಾನೊ ಇರಲಿಲ್ಲ, ಇರುವ ಸಂಭವವೂ ಇರಲಿಲ್ಲ; ಆ ಕಸುಬನ್ನು ಅವನು ಆರಿಸಿಕೊಂಡಿದ್ದೇ ಅದಕ್ಕಾಗಿ. ವಠಾರದೊಳಗೆ ಒಂದು ಗುಂಡುಸೂಜಿಯನ್ನೂ ಮುಟ್ಟಿದವನಲ್ಲ. ಇಲ್ಲಿ ಅವನು ಮರ್ಯಾದಸ್ಥ. ಆ ಮರ್ಯಾದೆಯ ರುಚಿ ಹತ್ತಿಬಿಟ್ಟಿತ್ತು ಅವನಿಗೆ. ಅದರ ಮೇಲೆ ನಾಲ್ಕು ವರ್ಷದಿಂದ ಕಸಿಲ್ದಾ ಬೇರೆ. ಕೊಳೆಯಾಗದ ಅಂಗಿಗಳನ್ನು ವಾರಕ್ಕೆ ಎರಡು ಸಲ ಅವಳ ಬಾಗಿಲಿಗೆ ಒಯ್ಯುತ್ತಿದ್ದ. ಅವಳು ಒಗೆದು, ಗಂಜಿ ಹಾಕಿ, ಗರಿಗರಿಯಾಗಿ ಇಸ್ತ್ರಿ ಮಾಡಿ ಕೊಟ್ಟಿದ್ದನ್ನು ಎದೆಗವಚಿಕೊಂಡು ಬರುತ್ತಿದ್ದ. ಮದುವೆಯ ಮಾತು ನಾಲಿಗೆಯ ತುದಿಗೆ ಬಂದು ವಾಪಸ್ಸಾಗುತ್ತಿತ್ತು. ಯಾವ ಹೆಸರಲ್ಲಿ ಕೇಳುವುದು? ಯಾವ ಕಸುಬು ಹೇಳಿ ಕೇಳುವುದು?

ಮರುದಿನ ಬೆಳಿಗ್ಗೆ ಅವಳೇ ಅವನ ಬಾಗಿಲಿಗೆ ಬಂದಳು. ತೋಳಿನ ಮೇಲೆ ಎರಡು ಅಂಗಿ. ಒಳಗೆ ಬರಲಿಲ್ಲ, ಹೊಸ್ತಿಲಾಚೆಯೇ ನಿಂತಳು.

"ದೋನ್ ಫಿದೆನ್ಸಿಯೊ, ಒಂದು ಮಾತು ಕೇಳ್ತೀನಿ. ಪಿಯಾನೊಗೆ ಎಷ್ಟು ಮನೆ ಇರುತ್ತೆ? ಬಿಳೀದು ಕರೀದು ಎಲ್ಲಾ ಸೇರಿ?"

ಕಳ್ಳನ ಮನಸ್ಸು ಹುಳ್ಳಗೆ ಅನ್ನುತ್ತಾರಲ್ಲ, ಅವನಿಗೂ ಹಾಗೇ ಆಯಿತು. "ಅದು... ಒಂದೊಂದು ಪಿಯಾನೊ ಒಂದೊಂದು ಥರ ಇರುತ್ತೆ. ಒಂದು ನೂರು..."

"ಎಂಬತ್ತೆಂಟಂತೆ. ಬೆಳಿಗ್ಗೆ ಚರ್ಚಲ್ಲಿ ವಾದ್ಯ ನುಡಿಸೋರನ್ನ ಕೇಳ್ಕೊಂಡು ಬಂದೆ."

ಅವನು ಅಂಗಿಗಳಿಗೆ ಕೈ ಚಾಚಿದ. ಅವಳು ಕೊಡಲಿಲ್ಲ. 

"ನನ್ನ ಹೆಬ್ಬೆರಳ ಕೆಳಗೆ ಇತ್ತು ಅದು," ಎಂದಳು ಕಸಿಲ್ದಾ, ದನಿ ತಗ್ಗಿಸಿ. "ಒತ್ತಿ ಹಿಡಿದಿದ್ದೆ. ಅದು ಹೋಗಿದ್ದು ನಂಗೆ ಗೊತ್ತಾಗ್ಲೇ ಇಲ್ಲ. ಇಂಥಾ ಕೈ ಒಂದು ದಿನಕ್ಕೆ ಬರಲ್ಲ. ಎಲ್ಲಿ ಕಲಿತ್ರಿ?"

"ಟ್ರಾಮಲ್ಲಿ," ಎಂದ ಫಿದೆನ್ಸಿಯೊ. ಅಷ್ಟೇ ಹೇಳಿದ. ಅಷ್ಟು ಸಾಕಾಯಿತು.

ಅವಳು ಅಂಗಿಗಳ ಮಡಿಕೆಯನ್ನು ಸುಮ್ಮನೆ ನೀವುತ್ತ ನಿಂತಳು. "ನಾನೇನು ಭಾರೀ ಸಾಚಾ ಅಲ್ಲ. ಅದನ್ನ ಕೆನ್ನೆಯೊಳಗೆ ಅಡಗಿಸ್ಕೊಳ್ಳೋಣ ಅಂತಿದ್ದೆ. ಆ ಚಪ್ಪಲಿ ಹೊಲಿಯೋನನ್ನ ನೋಡಿ ಎಲ್ಲಾರ ಜೊತೆ ನಕ್ಕು, ಮುಂದಿನ ಗಳಿಗೇಲಿ ನಾನೂ ಅದನ್ನೇ ಮಾಡೋಳಿದ್ದೆ. ನೀವು ಮರ್ಯಾದೆ ಉಳಿಸಿದ್ರಿ. ಅದು ಬೇರೆ ಮಾತು." ತಲೆಯೆತ್ತಿದಳು. ಕಣ್ಣು ಕೆಂಪಾಗಿತ್ತು, ರಾತ್ರಿ ನಿದ್ದೆ ಬಂದಿರಲಿಲ್ಲವೆಂದು ಕಾಣುತ್ತದೆ. "ಆದ್ರೆ ಇದು ದೇವರ ಕೂಸಿನ ಹೆಸರಲ್ಲಿ ಹಾಕೋ ಊಟ. ನಿಮಗೆ ಅಡಿಗೆ ಮಾಡೋರು ಯಾರೂ ಇಲ್ಲ, ನಾನೇ ಮಾಡಿಕೊಡ್ತೀನಿ. ಕದ್ದ ದುಡ್ಡಿನ ಹಿಟ್ಟನ್ನ ಮಾತ್ರ ನಾನು ನಾದಲ್ಲ. ಹೋದ ವಾರದ್ದೂ ಬೇಡ, ಮೊನ್ನೆದೂ ಬೇಡ."

"ಯಾರಿಗಾದ್ರೂ ಹೇಳ್ತೀರಾ?"

"ಗೊತ್ತಿಲ್ಲ. ಇನ್ನೂ ಯೋಚ್ನೆ ಮಾಡಿಲ್ಲ," ಎಂದು ಅಂಗಿಗಳನ್ನು ಅವನ ಕೈಗಿಟ್ಟು ಹೊರಟುಹೋದಳು.

ಹೀಗೆ, ನಲವತ್ತನಾಲ್ಕನೆಯ ವಯಸ್ಸಿನಲ್ಲಿ ಫಿದೆನ್ಸಿಯೊ ಮೊದಲ ಸಲ ಮೈಮುರಿದು ದುಡಿಯಲು ಹೋದ. ಮೆರ್ಸೆದ್ ಮಾರುಕಟ್ಟೆಯಲ್ಲಿ ಲಾರಿಗಳಿಂದ ಈರುಳ್ಳಿ ಮೂಟೆ ಇಳಿಸುವವರು ಯಾವಾಗಲೂ ಬೇಕು. ಅಲ್ಲಿ ಯಾರೂ ಹೆಸರು ಕೇಳುವುದಿಲ್ಲ, ಬೆನ್ನು ನೋಡುತ್ತಾರೆ. ಇವನ ಬೆನ್ನು ನೋಡಿ ಮೇಸ್ತ್ರಿ ನಕ್ಕ. "ಏನ್ ಸ್ವಾಮಿ, ದಾರಿ ತಪ್ಪಿ ಬಂದ್ರಾ? ಬ್ಯಾಂಕು ಆ ಕಡೆ ಇದೆ," ಎಂದ. ಹಣೆಗೆ ಪಟ್ಟಿ ಬಿಗಿದು ಮೂಟೆಯ ಭಾರವನ್ನು ಅದರ ಮೇಲೆ ಹೊರುವುದು ಇಲ್ಲಿಯ ಪದ್ಧತಿ. ಮೊದಲ ದಿನ ಮೂರನೆಯ ಮೂಟೆಗೇ ಅವನ ಮಂಡಿ ನೆಲಕ್ಕೆ ಬಿತ್ತು. ಈರುಳ್ಳಿ ಉರುಳಿ ದಾರಿಯುದ್ದಕ್ಕೂ ಹರಡಿತು. ಮಾರುವ ಹೆಂಗಸರು ಬೈದರು, ಬೈಯುತ್ತಲೇ ಆಯ್ದುಕೊಟ್ಟರು. ಎರಡನೆಯ ವಾರದ ಹೊತ್ತಿಗೆ ಅಂಗೈಯ ಬೊಕ್ಕೆಗಳು ಒಡೆದು, ಒಣಗಿ, ಮತ್ತೆ ಎದ್ದಿದ್ದವು. ತಾನು ರಾತ್ರಿ ಎಣ್ಣೆ ಹಚ್ಚಿ, ಚಳಿಗಾಲದಲ್ಲಿ ಕೈಗವುಸು ಹಾಕಿ, ಕೂಸಿನಂತೆ ಸಾಕಿದ್ದ ಬೆರಳುಗಳು ಕೆಸುವಿನ ಗೆಡ್ಡೆಗಳಂತೆ ಊದಿಕೊಂಡವು.

"ಇದೇನ್ ಮೇಷ್ಟ್ರೇ ಕೈಗೆ?" ಎಂದು ದೋನ್ಯಾ ಮಿಕಾಯೆಲಾ ತೊಟ್ಟಿಯ ಬಳಿ ಹಿಡಿದು ಕೇಳಿದಳು.

"ದೊಡ್ಡ ಪಿಯಾನೊ," ಎಂದ ಫಿದೆನ್ಸಿಯೊ. "ತುಂಬಾ ದೊಡ್ಡದು."

ಕಿಟಕಿಯೊಳಗೆ ಇಸ್ತ್ರಿ ಮಾಡುತ್ತಿದ್ದ ಕಸಿಲ್ದಾ ಕೆಳತುಟಿ ಕಚ್ಚಿಕೊಂಡಿದ್ದನ್ನು ಅವನು ಕಂಡ. ನಗು ತಡೆಯಲೋ ಏನೋ. ಆ ದಿನವೆಲ್ಲ ಮೂಟೆಗಳು ಹಗುರವಾಗಿದ್ದವು.

ಆದರೆ ಹಗುರ ಮೂಟೆಗೂ ಕೂಲಿ ಅಷ್ಟೇ. ಜನವರಿ ಕೊನೆಯ ದಿನ ಸಂಜೆ ನೋಡಿದರೆ ಮೆಕ್ಕೆಜೋಳದ ಹಿಟ್ಟಿಗೆ ಸಾಕು, ಕೊಬ್ಬಿಗೆ ಸಾಕು, ಹಂದಿಮಾಂಸಕ್ಕೆ ಇಲ್ಲವೇ ಇಲ್ಲ. ಇಡೀ ವಠಾರ ಹಂದಿಮಾಂಸದ ಕನಸು ಕಾಣುತ್ತಿತ್ತು. ಮನೆಗೆ ಹೋಗುವ ಟ್ರಾಮು ಕಿಕ್ಕಿರಿದಿತ್ತು. ಫಿದೆನ್ಸಿಯೊನ ಮೂಗಿನ ಮುಂದೆಯೇ ಒಬ್ಬ ದಪ್ಪನೆಯ ಮನುಷ್ಯ ಮೇಲಿನ ಸರಳು ಹಿಡಿದು ತೂಗುತ್ತಿದ್ದ. ಕೋಟಿನ ಒಳಜೇಬು ಬಾಯಿ ತೆರೆದು ಕೂತಿತ್ತು. ಹದಿನೆಂಟು ವರ್ಷದ ಅಭ್ಯಾಸ ಸುಮ್ಮನಿರುತ್ತದೆಯೇ? ಟ್ರಾಮು ತಿರುವಿನಲ್ಲಿ ವಾಲಿತು, ಕೈ ತಾನಾಗಿ ಹೋಯಿತು. ಪರ್ಸನ್ನು ಹಿಡಿಯಿತು. ಮೇಲೆತ್ತುವಾಗ ಊದಿದ ಬೆರಳಿನ ಗಂಟು ಗುಂಡಿಗೆ ಸಿಕ್ಕಿಹಾಕಿಕೊಂಡಿತು.

"ಏನ್ರೀ ಅದು!" ಎಂದು ಆ ಮನುಷ್ಯ ತಿರುಗಿದ.

ಪರ್ಸು ಇಬ್ಬರ ನಡುವೆ ಇತ್ತು. ಫಿದೆನ್ಸಿಯೊ ಅದನ್ನು ಮುಂದೆ ಚಾಚಿದ. "ಬೀಳ್ತಾ ಇತ್ತು ಸ್ವಾಮಿ. ನಿಮ್ಮ ಪರ್ಸು. ಜೇಬಿಂದ."

ಆ ಪುಣ್ಯಾತ್ಮ ಪರ್ಸನ್ನು ನೋಡಿದ, ಇವನ ಒಡೆದ ಅಂಗೈ ನೋಡಿದ. ಕಣ್ಣಲ್ಲಿ ನೀರೇ ಬಂತು ಅವನಿಗೆ. "ನೋಡ್ರಪ್ಪಾ, ನೋಡ್ರಿ! ಕೂಲಿ ಮಾಡೋ ಮನುಷ್ಯ! ಈ ಊರಲ್ಲಿ ಇಂಥೋರೂ ಇದಾರೆ!" ಎಂದು ಇಡೀ ಟ್ರಾಮಿಗೆ ಸಾರಿದ. ಜನ ಕತ್ತು ಚಾಚಿ ನೋಡಿದರು. ಒಬ್ಬ ಅಜ್ಜಿ ಅವನಿಗೆ ಶಿಲುಬೆಯ ಗುರುತು ಮಾಡಿ ಹರಸಿದಳು. ಫಿದೆನ್ಸಿಯೊ ಮುಂದಿನ ನಿಲ್ದಾಣದಲ್ಲಿ ಇಳಿದು, ಟ್ರಾಮು ಕಣ್ಮರೆಯಾಗುವವರೆಗೆ ಒಂದು ಗೋಡೆಗೆ ಒರಗಿ ನಿಂತ. ಪೊಲೀಸರ ಕೈಗೆ ಸಿಕ್ಕಿದ್ದರೂ ಇಷ್ಟು ನಾಚಿಕೆ ಆಗುತ್ತಿರಲಿಲ್ಲ.

ನೇರವಾಗಿ ಕಸಿಲ್ದಾಳ ಬಾಗಿಲಿಗೆ ಹೋದ. ಅವಳು ಯಾರದ್ದೋ ಮೇಜುಬಟ್ಟೆಗೆ ಇಸ್ತ್ರಿ ಹಾಕುತ್ತಿದ್ದಳು. ನಡೆದದ್ದನ್ನೆಲ್ಲ ಹೇಳಿದ. ದಪ್ಪ ಮನುಷ್ಯನ ಹೊಗಳಿಕೆಯನ್ನೂ ಬಿಡದೆ ಹೇಳಿದ.

"ಹಾಗಾದ್ರೆ ವಾಪಸ್ ಕೊಟ್ರಿ," ಎಂದಳು ಅವಳು, ಸ್ವಲ್ಪ ಮೆತ್ತಗಾಗಿ.

"ಇಲ್ಲ. ಅದನ್ನೇ ಹೇಳೋಕೆ ಬಂದೆ." ಅವನು ಹ್ಯಾಟನ್ನು ತಿರುಗಿಸುತ್ತ ಅದರ ಒಳಗೆ ನೋಡುತ್ತಿದ್ದ. "ಒಳ್ಳೇತನದಿಂದ ಕೊಟ್ಟಿದ್ದಲ್ಲ. ಕೈ ಸಿಕ್ಕಾಕ್ಕೊಳ್ತು, ಅದಕ್ಕೆ ಕೊಟ್ಟೆ. ಸಿಕ್ಕಾಕ್ಕೊಳ್ದಿದ್ರೆ ಇಷ್ಟೊತ್ತಿಗೆ ಮಾಂಸ ತಂದಿರ್ತಿದ್ದೆ. ನಿಮಗೆ ಹೇಳ್ತಾನೂ ಇರ್ಲಿಲ್ಲ."

ಕಸಿಲ್ದಾ ಅವನನ್ನೇ ನೋಡುತ್ತ ನಿಂತಳು. ಬಟ್ಟೆ ಸುಡುವ ವಾಸನೆ ಬಂದ ಮೇಲೆ ಪೆಟ್ಟಿಗೆಯನ್ನು ಸರಕ್ಕನೆ ಎತ್ತಿದಳು. ಮೇಜುಬಟ್ಟೆಯ ಮೇಲೆ ಕಂದು ಗುರುತು ಬಿದ್ದಿತ್ತು. ಅವಳ ಕೈಯಲ್ಲಿ ಹಾಗೆ ಆಗಿದ್ದನ್ನು ವಠಾರದಲ್ಲಿ ಯಾರೂ ಕಂಡಿರಲಿಲ್ಲ. ಅವಳು ಅದಕ್ಕೆ ನೀರು ಚಿಮುಕಿಸಿ ಉಜ್ಜತೊಡಗಿದಳು.

"ಮಾಂಸ ಇಲ್ಲ ಅನ್ನಿ."

"ಇಲ್ಲ."

"ಹಸಿಮೆಣಸಿನಕಾಯಿ, ಗಿಣ್ಣು?"

"ಅದಕ್ಕೆ ಸಾಕಾಗುತ್ತೆ."

"ಹಾಗಾದ್ರೆ ನಾಳೆ ಮಧ್ಯಾಹ್ನ ಬನ್ನಿ. ಮೆಕ್ಕೆಜೋಳದ ತೆನೆಯ ಸಿಪ್ಪೆ ನೆನೆಹಾಕಿ ತೊಳೀಬೇಕು, ನನಗೊಬ್ಬಳಿಗೇ ಆಗಲ್ಲ." ಉಜ್ಜುವುದನ್ನು ನಿಲ್ಲಿಸಲಿಲ್ಲ ಅವಳು. ಅವನು ಇನ್ನೊಂದು ಮಾತಿಗೆ ಕಾದ, ಕ್ಷಮಿಸಿದೆ ಅಂತಲೋ, ಹಾಳಾಗಿ ಹೋಗು ಅಂತಲೋ. ಎರಡೂ ಬರಲಿಲ್ಲ. ಹ್ಯಾಟು ಹಾಕಿಕೊಂಡು ಹೊರಬಂದ.

ಮರುದಿನ ಮಧ್ಯಾಹ್ನದಿಂದ ಸಂಜೆಯವರೆಗೆ ಇಬ್ಬರೂ ಕೂತು ತಮಾಲೆ ಕಟ್ಟಿದರು. ಸಿಪ್ಪೆ ಹರಡುವುದು, ಹಿಟ್ಟು ಸವರುವುದು, ಒಂದು ಮೆಣಸಿನಕಾಯಿ ಸೀಳು, ಒಂದು ಗಿಣ್ಣಿನ ಚೂರು, ಮಡಿಸುವುದು. ಅವನ ಊದಿದ ಬೆರಳಿಗೆ ಮಡಿಕೆ ಕೂರುತ್ತಿರಲಿಲ್ಲ. "ಇದೇನು, ಕೂಸಿಗೆ ಲಂಗೋಟಿ ಕಟ್ಟಿದ ಹಾಗೆ!" ಎಂದು ಅವಳು ಬಿಚ್ಚಿ ಮತ್ತೆ ಮಡಿಸಿದಳು.  ಟ್ರಾಮಿನ ವಿಷಯ ಇಬ್ಬರೂ ಎತ್ತಲಿಲ್ಲ.

ಫೆಬ್ರವರಿ ಎರಡು, ಮೇಣದಬತ್ತಿಯ ಹಬ್ಬ. ಊಟ ಮಧ್ಯಾಹ್ನಕ್ಕೆ, ಅದಕ್ಕೆ ಮುಂಚೆ ಬಾಲಯೇಸುವಿಗೆ ಹೊಸ ಬಟ್ಟೆ ತೊಡಿಸಿ, ಚರ್ಚಿಗೆ ಒಯ್ದು ಆಶೀರ್ವಾದ ಮಾಡಿಸಬೇಕು. ಧರ್ಮತಂದೆಯೇ ಹೊರಬೇಕು. ವಠಾರದ ಬಾಲಯೇಸು ಎಂದರೆ ದೋನ್ಯಾ ಮಿಕಾಯೆಲಾಳ ಅಜ್ಜಿಯ ಕಾಲದ್ದು, ಮೊಳದುದ್ದದ ಮರದ ಕೂಸು. ಕಸಿಲ್ದಾ ಹೊಲಿದ ಬಿಳಿಯ ಜಾಲರಿ ನಿಲುವಂಗಿಯನ್ನು ದೋನ್ಯಾ ಮಿಕಾಯೆಲಾ ಹಿಡಿದು ನೋಡಿ, "ಇದು ನಿನ್ನ ಮದುವೆಗೆ ಅಂತ ಇಟ್ಕೊಂಡಿದ್ದ ಮುಸುಕಿಂದಲ್ವೇನೇ?" ಎಂದಳು.

"ಪೆಟ್ಟಿಗೇಲಿ ಸುಮ್ನೆ ಬಿದ್ದಿತ್ತು," ಎಂದಳು ಕಸಿಲ್ದಾ.

ಚರ್ಚಿನಲ್ಲಿ ಕಾಲಿಡಲು ಜಾಗವಿರಲಿಲ್ಲ. ಊರಿನ ಬಾಲಯೇಸುಗಳೆಲ್ಲ ಅಲ್ಲಿದ್ದವು. ತಟ್ಟೆಯ ಮೇಲೆ, ಬುಟ್ಟಿಯಲ್ಲಿ, ಎದೆಯ ಮೇಲೆ. ಮೊದಲು ಮೇಣದಬತ್ತಿಗಳಿಗೆ ಆಶೀರ್ವಾದ, ಆಮೇಲೆ ಕೂಸುಗಳಿಗೆ. ಹೆಂಗಸರು ಬತ್ತಿ ಹೊತ್ತಿಸಿಕೊಂಡು ಮುಂದೆ ಹೋಗಬೇಕು, ಕೂಸು ಹೊತ್ತವರು ಬದಿಯ ಕಂಬದ ಹತ್ತಿರ ಕಾಯಬೇಕು. ಅಷ್ಟರಲ್ಲಿ ಚರ್ಚಿನ ಸೇವಕ ಬಾಗಿಲ ಬಳಿ ಕುರ್ಚಿಯ ಮೇಲೆ ಹತ್ತಿ ಕೂಗಿದ. "ಜೇಬು ನೋಡ್ಕೊಳ್ರಪ್ಪಾ! ಪರ್ಸು ನೋಡ್ಕೊಳ್ರಮ್ಮಾ! ಬೆಳಿಗ್ಗೆಯಿಂದ ಮೂರು ಹೋಗಿದೆ!"

ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ಫಿದೆನ್ಸಿಯೊನ ಮುಖ ಕಿವಿಯವರೆಗೂ ಕೆಂಪಾಯಿತು. ಮರದ ಕೂಸನ್ನು ಎದೆಗೆ ಒತ್ತಿಕೊಂಡ.

"ಅಯ್ಯೋ ಮಾತೆ!" ಎಂದಳು ದೋನ್ಯಾ ಮಿಕಾಯೆಲಾ. "ಒಂದು ಕೈಯಲ್ಲಿ ಬತ್ತಿ, ಒಂದು ಕೈ ಗಾಳಿಗೆ ಅಡ್ಡ. ಪರ್ಸು ಹಿಡಿಯೋಕೆ ಮೂರನೇ ಕೈ ಎಲ್ಲಿಂದ ತರೋಣ? ಯಾರ ಹತ್ರ ಬಿಡೋದು?"

ಕಸಿಲ್ದಾ ಫಿದೆನ್ಸಿಯೊನ ಕಡೆ ತಿರುಗಿದಳು. ಶಾಲಿನ ಒಳಗಿಂದ ತನ್ನ ಪುಟ್ಟ ಕಪ್ಪು ಚೀಲವನ್ನು ತೆಗೆದಳು. ಹೋಟೆಲಿನವರು ವಾಪಸ್ ಕರೆದು ಕೊಟ್ಟ ಮೊದಲ ವಾರದ ಕೂಲಿ ಅದರಲ್ಲಿತ್ತು, ಅದು ಅವನಿಗೂ ಗೊತ್ತಿತ್ತು. ಅದರ ಹಿಡಿಯನ್ನು ಅವನ ಮಣಿಕಟ್ಟಿಗೆ ಏರಿಸಿದಳು. ಜಾರದಂತೆ ಮೊಣಕೈವರೆಗೂ ಎಳೆದಳು.

"ಇವರ ಹತ್ರ ಇರ್ಲಿ," ಎಂದಳು.

"ಹೌದಲ್ಲ, ಮೇಷ್ಟ್ರಿದಾರಲ್ಲ!" ಎಂದು ದೋನ್ಯಾ ಮಿಕಾಯೆಲಾ ತನ್ನದನ್ನೂ ನೇತುಹಾಕಿದಳು. ಹಿಂದೆಯೇ ಚಪ್ಪಲಿ ಹೊಲಿಯುವವನ ಹೆಂಡತಿ, ಅವಳ ಹಿಂದೆ ಒಂಬತ್ತನೇ ಮನೆಯ ಅಕ್ಕತಂಗಿಯರು. ದೋನ್ ಅಬುಂದಿಯೊ ಸುತ್ತ ಮೂಸಿ ನೋಡುವವನಂತೆ ಮೂಗು ಅರಳಿಸಿ, "ಇಲ್ಲೇ ಎಲ್ಲೋ ಇದಾನೆ ನನ್ಮಗ, ನಂಗೊತ್ತಾಗುತ್ತೆ," ಎಂದು ತನ್ನ ಗಡಿಯಾರವನ್ನು ಸರಪಳಿ ಸಮೇತ ಫಿದೆನ್ಸಿಯೊನ ಕೋಟಿನ ಜೇಬಿಗೆ ಇಳಿಬಿಟ್ಟ.

ಹೆಂಗಸರು ಬತ್ತಿ ಹೊತ್ತಿಸಿಕೊಂಡು ಜನರ ನಡುವೆ ಮುಂದೆ ಹೋದರು. ಕಂಬದಾಚೆ ನಿಂತಿದ್ದ ಒಬ್ಬ ತೆಳ್ಳನೆಯ ಮನುಷ್ಯನನ್ನು ಫಿದೆನ್ಸಿಯೊ ಗುರುತು ಹಿಡಿದ. ಟ್ರಾಮಿನ ಕಾಲದ ಪರಿಚಯ, ಅದೇ ಕಸುಬಿನವ. ಅವನು ಫಿದೆನ್ಸಿಯೊನ ತೋಳಿನಲ್ಲಿ ತೂಗುತ್ತಿದ್ದ ಐದು ಪರ್ಸುಗಳನ್ನು ಒಂದೊಂದಾಗಿ ನೋಡಿದ, ತೋಳಿನ ಮೇಲಿದ್ದ ದೇವರ ಕೂಸನ್ನು ನೋಡಿದ. ಗುರುವಿಗೆ ತಲೆಬಾಗುವಂತೆ ನಿಧಾನವಾಗಿ ತಲೆ ಬಾಗಿಸಿದ. ಫಿದೆನ್ಸಿಯೊ ಇಲ್ಲವೆಂದು ತಲೆಯಾಡಿಸಿದ. ಆ ಮನುಷ್ಯನಿಗೆ ಅರ್ಥವಾದಂತೆ ಕಾಣಲಿಲ್ಲ.

ಬೆವರಿನ ಹನಿಯೊಂದು ಮೂಗಿನ ತುದಿಗೆ ಬಂದು ನಿಂತಿತು. ಒರೆಸಿಕೊಳ್ಳಲು ಬಿಡುವಾದ ಕೈಯಿರಲಿಲ್ಲ. ತೋಳು ಈರುಳ್ಳಿ ಮೂಟೆ ಹೊತ್ತಾಗಲೂ ಇಷ್ಟು ನೋಯುತ್ತಿರಲಿಲ್ಲ. ಅವನು ಅದನ್ನು ಒಂದು ಅಂಗುಲವೂ ಇಳಿಸಲಿಲ್ಲ. ದೂರದಲ್ಲಿ, ನೂರಾರು ಶಾಲುಗಳ ನಡುವೆ, ಕಸಿಲ್ದಾಳ ಕಪ್ಪು ಶಾಲು ದೀಪಗಳ ಜೊತೆ ಸರಿಯುತ್ತಿತ್ತು. ಅದು ಪಾದ್ರಿಯ ಹತ್ತಿರ ತಲುಪುವವರೆಗೂ ಅವನು ನೋಡುತ್ತಲೇ ಇದ್ದ. ಅವಳು ಒಂದು ಸಲವೂ ಹಿಂತಿರುಗಿ ನೋಡಲಿಲ್ಲ.